ಶರಣಸಂಗವೂ ಸನ್ಮೈತ್ರಿಯೂ

ಶ್ರೀಮಠದಲ್ಲಿ ಹುಣ್ಣಿಮೆಯ ದಿನ ಜರುಗುವ ಶಿವಾನುಭವಗೋಷ್ಠಿಯಲ್ಲಿ ಕಳೆದ ಬಾರಿ ವೃದ್ಧ ಗೃಹಸ್ಥರೊಬ್ಬರು ಎದ್ದು ನಿಂತು ಶ್ರೀಗಳವರಿಗೆ ಶರಣುಮಾಡಿ ಒಂದು ಪ್ರಶ್ನೆಯನ್ನು ಕೇಳಿದರು. ಅವರು ಬೆಂಗಳೂರು ದಂಡುಪ್ರದೇಶದ ಬೆನ್ಸನ್ ಟೌನಿನಲ್ಲಿ ಬಹುಕಾಲದಿಂದ ನೆಲಸಿರುವವರು, ನೌಕರಿಯಿಂದ ನಿವೃತ್ತರು, ಲಿಂಗಪೂಜೆಯನ್ನು ಒಂದು ದಿನವೂ ತಪ್ಪಿಸದ ನಿಷ್ಠಾವಂತರು. ಅವರು ಹೇಳಿದ ಮಾತಿನ ಸಾರವಿದು:

“ಬುದ್ಧೀ, ನನಗೆ ಇಬ್ಬರು ಸ್ನೇಹಿತರು. ಒಬ್ಬರು ನಮ್ಮ ಸಮಾಜದವರೇ. ನಲವತ್ತು ವರ್ಷಗಳ ಬಳಕೆ. ನಾನು ಮಾಡಿದ್ದೆಲ್ಲವೂ ಸರಿಯೆಂದು ಹೇಳುವ ಬಾಯಿ ಅವರದು. ಮಗನ ಮದುವೆಯನ್ನು ಸಾಲಮಾಡಿಯಾದರೂ ವೈಭವದಿಂದ ನಡೆಸಬೇಕೆಂದು ಹುರಿದುಂಬಿಸಿದವರು ಅವರು. ಇನ್ನೊಬ್ಬರು ನಮ್ಮ ನೆರೆಮನೆಯ ಕ್ರೈಸ್ತರು, ಉಪಾಧ್ಯಾಯರಾಗಿದ್ದವರು. ಮದುವೆಗೆ ಮೊದಲೇ ಅವರು ನನ್ನ ಮನೆಗೆ ಬಂದು, ‘ನಾಲ್ಕು ಜನರ ಕಣ್ಣಿಗಾಗಿ ಸಾಲ ಮಾಡಬೇಡಿ, ಯಜಮಾನರೇ. ಹುಡುಗನ ಸಂಸಾರ ಸಾಲದ ಮೇಲೆ ಆರಂಭವಾಗುವುದು ಬೇಡ’ ಎಂದರು. ನನಗೆ ಸಿಟ್ಟು ಬಂತು. ನಮ್ಮ ಮನೆಯ ವಿಷಯ ನಿಮಗೇಕೆಂದು ಕೇಳಿ, ಎಂಟು ತಿಂಗಳು ಅವರೊಡನೆ ಮಾತು ಬಿಟ್ಟೆ. ಸಾಲ ಬಡ್ಡಿಯೊಡನೆ ಬೆಳೆದು ಬಾಗಿಲಿಗೆ ಬಂದಾಗ ಮೊದಲನೆಯವರು ನಮ್ಮ ಬೀದಿಗೇ ಬರಲಿಲ್ಲ. ಎರಡನೆಯವರು ನಾನು ಕರೆಯದೆ ಬಂದರು. ‘ನಾನು ಅಂದೇ ಹೇಳಿದ್ದೆ’ ಎಂಬ ಮಾತನ್ನು ಆಡಲಿಲ್ಲ. ಕಾಗದಪತ್ರಗಳನ್ನು ಮುಂದಿಟ್ಟುಕೊಂಡು ರಾತ್ರಿ ಹನ್ನೊಂದರವರೆಗೆ ನನ್ನೊಡನೆ ಕುಳಿತು ದಾರಿ ಹುಡುಕಿದರು. ಶರಣರ ಸಂಗವನ್ನು ಮಾಡಬೇಕು, ಭವಿಯ ಸಂಗವನ್ನು ಬಿಡಬೇಕು ಎಂದು ನಾವು ಕೇಳಿಕೊಂಡು ಬಂದಿದ್ದೇವೆ. ಬುದ್ಧೀ, ಇವರಿಬ್ಬರಲ್ಲಿ ಯಾರ ಸಂಗ ಶರಣಸಂಗ?”

ಸಭೆಯಲ್ಲಿ ಕೆಲವರು ನಕ್ಕರು. ಹಿರಿಯರೊಬ್ಬರು, “ಕೊರಳಲ್ಲಿ ಲಿಂಗವಿಲ್ಲದವರ ಸಂಗ ಎಷ್ಟು ಒಳ್ಳೆಯದಾದರೂ ಶರಣಸಂಗವಾಗುವುದು ಹೇಗೆ?” ಎಂದರು. ಶ್ರೀಗಳವರು ಸ್ವಲ್ಪ ಹೊತ್ತು ಮೌನವಾಗಿದ್ದು ನನ್ನ ಕಡೆಗೆ ತಿರುಗಿ, “ಮಾಸ್ತರರೇ, ಇದನ್ನು ವಿಚಾರಮಾಡಿ ಪತ್ರಿಕೆಗೆ ಬರೆಯಿರಿ” ಎಂದು ಅಪ್ಪಣೆ ಕೊಡಿಸಿದರು. ಆ ಅಪ್ಪಣೆಯನ್ನು ಶಿರಸಾವಹಿಸಿ, ನನ್ನ ಅಲ್ಪಮತಿಗೆ ತೋರಿದಷ್ಟನ್ನು ಶರಣಬಂಧುಗಳ ಮುಂದೆ ನಿವೇದಿಸುತ್ತಿದ್ದೇನೆ.

ಮೊದಲು ಪದಗಳ ಅರ್ಥವನ್ನು ನೋಡೋಣ. ಸಂಸ್ಕೃತದಲ್ಲಿ ‘ಸ್ನೇಹ’ವೆಂದರೆ ಪ್ರೀತಿಯೂ ಹೌದು, ಎಣ್ಣೆಯೂ ಹೌದು. ಈ ಎರಡು ಅರ್ಥಗಳು ಕಾಕತಾಳೀಯವಾಗಿ ಕೂಡಿದವುಗಳಲ್ಲ. ಎಣ್ಣೆಯು ತಾನು ಸವೆದು ಬತ್ತಿಯನ್ನು ಉರಿಸುವುದು. ಹಣತೆಯನ್ನು ನೋಡುವವನು ಬೆಳಕನ್ನು ಹೊಗಳುವನೇ ಹೊರತು ಎಣ್ಣೆಯನ್ನು ನೆನೆಯುವುದಿಲ್ಲ; ಎಣ್ಣೆಯಾದರೂ ಆ ಹೊಗಳಿಕೆಯನ್ನು ಬಯಸುವುದಿಲ್ಲ. ‘ಸಖ’ ಶಬ್ದಕ್ಕೆ ನಿರುಕ್ತಕಾರರು ಸಮಾನವಾದ ಖ್ಯಾನವುಳ್ಳವನು, ಎಂದರೆ ಒಂದೇ ತೆರನಾದ ಅರಿವುಳ್ಳವನು, ಎಂದು ಅರ್ಥ ಹೇಳುವರು. ನಮ್ಮ ಗೆಳೆಯನೆಂಬ ಮಾತು ಹಳಗನ್ನಡದ ‘ಕೆಳೆ’ಯಿಂದ ಬಂದುದು. ಇನ್ನು ‘ಸಂಗ’ವೆಂಬ ಪದವನ್ನು ವಿಚಾರಿಸಿದರಂತೂ ವೀರಶೈವನಿಗೆ ರೋಮಾಂಚವಾಗಬೇಕು. ಬಸವಣ್ಣನವರು ತಮ್ಮ ವಚನಗಳಿಗೆ ಅಂಕಿತವಾಗಿ ಇಟ್ಟುಕೊಂಡ ಹೆಸರಾವುದು? ಕೃಷ್ಣೆಯೂ ಮಲಪ್ರಭೆಯೂ ಕೂಡುವ ಕ್ಷೇತ್ರದ ಒಡೆಯನ ಹೆಸರು. ಆ ಒಂದು ಹೆಸರಿನಲ್ಲಿಯೇ ಕನ್ನಡದ ‘ಕೂಡು’ವಿಕೆಯೂ ಇದೆ, ಸಂಸ್ಕೃತದ ‘ಸಂಗಮ’ವೂ ಇದೆ. ಎರಡು ಹೊಳೆಗಳು ಕೂಡಿದ ಮೇಲೆ ಇದು ಆ ಹೊಳೆಯ ನೀರು, ಅದು ಈ ಹೊಳೆಯ ನೀರು ಎಂದು ಬೇರ್ಪಡಿಸುವುದು ಅಸಾಧ್ಯ. ಕೂಡುವುದನ್ನೇ ದೇವರ ಹೆಸರನ್ನಾಗಿ ಕರೆದವರ ಧರ್ಮದಲ್ಲಿ ಸ್ನೇಹವು ಲೌಕಿಕದ ಒಂದು ಸಣ್ಣ ವಿಷಯವಾಗಿರಲಾರದು.

ಲೋಕದಲ್ಲಿ ಸ್ನೇಹವೆಂದು ಕರೆಯಿಸಿಕೊಳ್ಳುವುದೆಲ್ಲವೂ ಸ್ನೇಹವಲ್ಲ. ಕ್ರಿಸ್ತಪೂರ್ವ 4ನೆಯ ಶತಮಾನದಲ್ಲಿದ್ದ ಗ್ರೀಸ್ ದೇಶದ ತತ್ತ್ವಜ್ಞಾನಿ ಅರಿಸ್ಟಾಟಲನು ತನ್ನ ನೀತಿಶಾಸ್ತ್ರಗ್ರಂಥದ ಹತ್ತು ಭಾಗಗಳಲ್ಲಿ ಎರಡನ್ನು ಪೂರ್ಣವಾಗಿ ಸ್ನೇಹದ ವಿಚಾರಕ್ಕೇ ಮೀಸಲಿಟ್ಟನು. ಪ್ರಯೋಜನಕ್ಕಾಗಿ ಮಾಡುವ ಸ್ನೇಹ, ಸಂತೋಷಕ್ಕಾಗಿ ಮಾಡುವ ಸ್ನೇಹ, ಗುಣಕ್ಕಾಗಿ ಮಾಡುವ ಸ್ನೇಹ ಎಂದು ಅವನು ಮೂರು ಬಗೆಗಳನ್ನು ಹೇಳುವನು. ಮೊದಲಿನ ಎರಡು ಆಯಾ ಕಾರಣವು ತೀರಿದೊಡನೆ ತೀರುವುವು, ಮೂರನೆಯದೊಂದೇ ನಿಲ್ಲುವಂಥದು. ನಮ್ಮ ಭರ್ತೃಹರಿಯೂ ನೀತಿಶತಕದಲ್ಲಿ ಸನ್ಮಿತ್ರನ ಲಕ್ಷಣಗಳನ್ನು ಎಣಿಸುವಾಗ, ಪಾಪದಿಂದ ತಡೆಯುವುದನ್ನೇ ಮೊದಲು ಹೇಳಿರುವನು. ಕಷ್ಟಕಾಲದಲ್ಲಿ ಕೈಬಿಡದಿರುವುದೂ ಕೊಡುವುದೂ ಅನಂತರ ಬರುವುವು. ಈ ಕ್ರಮವು ಚಿಂತನೀಯವಾದುದು. ಕಷ್ಟದಲ್ಲಿ ಸಹಾಯಮಾಡುವವನು ಸ್ನೇಹಿತನೆಂದು ನಾವು ಸಾಮಾನ್ಯವಾಗಿ ಹೇಳುತ್ತೇವೆ. ಕಷ್ಟವು ಬಾರದಂತೆ ಮೊದಲೇ ತಡೆದವನ ಉಪಕಾರವಾದರೋ ನಮ್ಮ ಕಣ್ಣಿಗೆ ಬೀಳುವುದೇ ಇಲ್ಲ. ನಮ್ಮ ಗೃಹಸ್ಥರ ಕಥೆಯಲ್ಲಿಯೂ ಹೀಗೆಯೇ ಆಯಿತಷ್ಟೆ.

ಆದರೆ ಅರಿಸ್ಟಾಟಲನಿಗೂ ಶರಣರಿಗೂ ಒಂದು ದೊಡ್ಡ ಅಂತರವಿದೆ. ಇಬ್ಬರ ನಡುವೆ ಅಂತಸ್ತಿನ ದೂರವು ಬಹಳವಾದರೆ ಸ್ನೇಹವು ನಿಲ್ಲಲಾರದು, ದೇವರಂತೂ ಅತಿ ದೂರದಲ್ಲಿರುವುದರಿಂದ ಅವನೊಡನೆ ಮನುಷ್ಯನಿಗೆ ಸ್ನೇಹವೇ ಸಲ್ಲದು ಎಂಬುದು ಅವನ ಮತ. ಶರಣರು ಈ ಎರಡು ದೂರಗಳನ್ನೂ ಒಪ್ಪಲಿಲ್ಲ. ದೇವರನ್ನು ಕರಸ್ಥಲಕ್ಕೆ ತಂದುಕೊಂಡವರಿಗೆ ದೇವರು ದೂರವೆಂಬ ಮಾತೇ ಇಲ್ಲ. ದೇವರ ದೂರವೇ ಅಳಿದ ಮೇಲೆ ಮನುಷ್ಯರ ನಡುವಿನ ದೂರಕ್ಕೆ ಯಾವ ಆಧಾರವುಂಟು? ಮಂತ್ರಿಯ ಅಂಗೈಯಲ್ಲಿರುವ ಲಿಂಗವೂ ಸಮಗಾರನ ಅಂಗೈಯಲ್ಲಿರುವ ಲಿಂಗವೂ ಒಂದೇ ಆದಮೇಲೆ ಅವರಿಬ್ಬರೂ ಸಮಾನಖ್ಯಾನರು, ಎಂದರೆ ಸಖರು.

ಇದು ಬರಿಯ ತರ್ಕವಲ್ಲ, ಕಲ್ಯಾಣದಲ್ಲಿ ರಕ್ತದಿಂದ ಬರೆದ ಚರಿತ್ರೆ. ಹರಳಯ್ಯನವರು ಪಾದರಕ್ಷೆ ಹೊಲಿಯುವ ಕಾಯಕದವರು. ಮಧುವರಸರು ಬ್ರಾಹ್ಮಣ ಕುಲದಲ್ಲಿ ಹುಟ್ಟಿ ಬಿಜ್ಜಳನ ಆಸ್ಥಾನದಲ್ಲಿ ಅಧಿಕಾರದಲ್ಲಿದ್ದವರು. ಶರಣಧರ್ಮವು ಇವರಿಬ್ಬರನ್ನು ಹತ್ತಿರಕ್ಕೆ ತಂದಿತು. ಇವರ ಸ್ನೇಹವು ಅನುಭವಗೋಷ್ಠಿಯಲ್ಲಿ ಒಂದೇ ಸಾಲಿನಲ್ಲಿ ಕುಳಿತುಕೊಳ್ಳುವಷ್ಟಕ್ಕೆ ನಿಂತಿದ್ದರೆ ಯಾರಿಗೂ ಬಾಧಕವಿರಲಿಲ್ಲ. ಮಧುವರಸರು ತಮ್ಮ ಮಗಳನ್ನು ಹರಳಯ್ಯನವರ ಮಗನಾದ ಶೀಲವಂತನಿಗೆ ಕೊಟ್ಟರು. ವರ್ಣಸಂಕರವಾಯಿತೆಂಬ ದೂರು ಅರಸನಿಗೆ ಹೋಯಿತು. ಬೀಗರಿಬ್ಬರಿಗೂ ಘೋರವಾದ ಮರಣದಂಡನೆಯಾಯಿತೆಂದು ಪರಂಪರೆ ಹೇಳುವುದು. ಅದರ ಬೆನ್ನಿಗೇ ಕಲ್ಯಾಣವು ಹೊತ್ತಿತು. ಚೆನ್ನಬಸವಣ್ಣನವರೂ ಶರಣರೂ ಉಳವಿಯ ದಾರಿ ಹಿಡಿದರು. ಇದು ನಡೆದುದು ಕ್ರಿ.ಶ. 1167-68ರ ಸುಮಾರಿನಲ್ಲಿ. ಸಭೆಯಲ್ಲಿ ‘ಅಣ್ಣಾ’ ಎಂದು ಕರೆದು ಮನೆಯ ಹೊಸ್ತಿಲಿನಲ್ಲಿ ನಿಲ್ಲಿಸುವ ಸ್ನೇಹವನ್ನು ನಾವೆಲ್ಲರೂ ಬಲ್ಲೆವು. ಹೊಸ್ತಿಲನ್ನು ದಾಟಿಸಿದ ಸ್ನೇಹಕ್ಕೆ ಬೆಲೆ ತೆರಬೇಕಾಗುವುದು. ಅವರಿಬ್ಬರೂ ಆ ಬೆಲೆಯನ್ನು ತೆತ್ತರು.

ಸಮಾನತೆಯು ಸನ್ಮೈತ್ರಿಯ ಮೊದಲನೆಯ ಲಕ್ಷಣವಾಯಿತು. ಎರಡನೆಯದು ಸತ್ಯವಾಕ್ಕು. ಇಲ್ಲಿ ಆಯ್ದಕ್ಕಿ ಮಾರಯ್ಯ-ಲಕ್ಕಮ್ಮ ದಂಪತಿಗಳನ್ನು ನೆನೆಯಬೇಕು. ಮಾರಯ್ಯನವರ ಕಾಯಕವು ಚೆಲ್ಲಿದ ಅಕ್ಕಿಯನ್ನು ಆಯ್ದು ತಂದು ದಾಸೋಹ ನಡೆಸುವುದು. ಒಂದು ದಿನ ಅವರು ಎಂದಿಗಿಂತ ಹೆಚ್ಚಿಗೆ ಅಕ್ಕಿಯನ್ನು ತಂದರು. ಕದ್ದು ತಂದುದಲ್ಲ, ಬೇಡಿ ತಂದುದಲ್ಲ. ಸ್ವಂತಕ್ಕಾಗಿ ತಂದುದೂ ಅಲ್ಲ, ಜಂಗಮದಾಸೋಹಕ್ಕಾಗಿಯೇ ತಂದುದು. ಆದರೂ ಲಕ್ಕಮ್ಮನವರು ಅದನ್ನು ಒಪ್ಪಲಿಲ್ಲ. ಹೆಚ್ಚಿನದನ್ನು ಮರಳಿ ಅಲ್ಲಿಯೇ ಸುರಿದು ಬರುವಂತೆ ಹೇಳಿದರು. ಕಾಯಕದಲ್ಲಿ ಆಸೆಯ ನೆರಳು ಬಿದ್ದುದನ್ನು ಪತಿಗಿಂತ ಮೊದಲು ಕಂಡವರು ಅವರು. ಸತಿಯೆಂಬ ಸಂಬಂಧವು ಲೋಕರೂಢಿಯಲ್ಲಿ ಮೌನವನ್ನು ಬೇಡುತ್ತಿದ್ದ ಕಾಲದಲ್ಲಿ, ಸಖ್ಯವು ಅವರಿಂದ ಮಾತನ್ನಾಡಿಸಿತು. ಮಾರಯ್ಯನವರು ಕೇಳಿದರು, ಹೊರಟರು, ಸುರಿದು ಬಂದರು. ಹೇಳಿದವರ ಧೈರ್ಯ ಎಷ್ಟು ದೊಡ್ಡದೋ ಕೇಳಿದವರ ವಿನಯವೂ ಅಷ್ಟೇ ದೊಡ್ಡದು.

ಮಡಿವಾಳ ಮಾಚಯ್ಯನವರು ಶರಣರ ಬಟ್ಟೆಯನ್ನು ಮಡಿಮಾಡುತ್ತಿದ್ದವರು. ಬಸವಣ್ಣನವರಲ್ಲಿ ‘ನಾನು ಕೊಡುವವನು’ ಎಂಬ ಭಾವವು ಒಮ್ಮೆ ಇಣುಕಿದಾಗ ನೇರವಾಗಿ ಖಂಡಿಸಿದವರು ಅವರೇ ಎಂದು ಪರಂಪರೆಯು ಹೇಳುವುದು. ಬಟ್ಟೆಯ ಮೈಲಿಗೆಯನ್ನು ತೆಗೆಯುವವರಿಗೆ ಮನಸ್ಸಿನ ಮೈಲಿಗೆಯನ್ನು ಕಂಡೂ ಸುಮ್ಮನಿರಲು ಸಾಧ್ಯವಾಗಲಿಲ್ಲ. ಸೊನ್ನಲಿಗೆಯ ಸಿದ್ಧರಾಮಯ್ಯನವರಿಗೆ ಅಲ್ಲಮಪ್ರಭುಗಳು ಮಾಡಿದುದೂ ಇದನ್ನೇ. ಕೆರೆ ಕಟ್ಟಿಸುವ ಪುಣ್ಯಕಾರ್ಯದಲ್ಲಿ ತೊಡಗಿದ್ದ ಆ ಶಿವಯೋಗಿಗೆ, ಹೊರಗಿನ ಕೆಲಸವು ಒಳಗಿನ ಅರಿವನ್ನು ಮರೆಯಿಸುತ್ತಿದೆಯೆಂದು ಕಟುವಾಗಿ ತಿಳಿಸಿದ ಪ್ರಸಂಗವು ಶೂನ್ಯಸಂಪಾದನೆಯಲ್ಲಿ ವಿಸ್ತಾರವಾಗಿದೆ. ಸಿದ್ಧರಾಮರಿಗೆ ಮೊದಲು ಬಂದುದು ಕೋಪ. ಅದು ತಿಳಿದ ಮೇಲೆ ಅವರು ಪ್ರಭುವಿನೊಡನೆ ಕಲ್ಯಾಣಕ್ಕೆ ಬಂದರು. ಬೆನ್ಸನ್ ಟೌನಿನ ನಮ್ಮ ಗೃಹಸ್ಥರು ಎಂಟು ತಿಂಗಳು ಮಾತು ಬಿಟ್ಟುದಕ್ಕಾಗಿ ನಾಚಬೇಕಾಗಿಲ್ಲ; ಸಿದ್ಧರಾಮರಂಥವರಿಗೂ ಸತ್ಯವು ಮೊದಲು ಕಹಿಯಾಗಿಯೇ ಇತ್ತು.

‘ಇದ್ದದ್ದು ಇದ್ದ ಹಾಗೆ ಹೇಳಿದರೆ ಎದ್ದು ಬಂದು ಎದೆಗೆ ಒದ್ದರಂತೆ’ ಎಂಬ ಗಾದೆಯುಂಟು. ಒದೆಸಿಕೊಳ್ಳುವ ಭಯದಿಂದ ನಾವು ಸುಮ್ಮನಿರುತ್ತೇವೆ. ಆ ಸುಮ್ಮನಿರುವಿಕೆಗೆ ಸ್ನೇಹವೆಂದು ಹೆಸರಿಡುತ್ತೇವೆ. ಈ ವಿಷಯದಲ್ಲಿ ಇತರರಿಗೆ ಬೋಧಿಸುವ ಅಧಿಕಾರವು ನನಗಿಲ್ಲವೆಂಬುದನ್ನು ಇಲ್ಲಿ ಹೇಳದೆ ಮುಂದೆ ಹೋದರೆ ಈ ಲೇಖನವೇ ಅಸತ್ಯವಾದೀತು.

ಬಹಳ ವರ್ಷಗಳ ಹಿಂದೆ, ಬೇರೊಂದು ಊರಿನ ಪಾಠಶಾಲೆಯಲ್ಲಿ ನಾನಿದ್ದಾಗ, ನನ್ನ ಜೊತೆಯ ಉಪಾಧ್ಯಾಯರೊಬ್ಬರು ನನಗೆ ಪ್ರಾಣಸ್ನೇಹಿತರಾಗಿದ್ದರು. ಒಂದೇ ಕೊಠಡಿಯಲ್ಲಿ ವಾಸ, ಒಂದೇ ಪಂಕ್ತಿಯಲ್ಲಿ ಪ್ರಸಾದ. ಹುಡುಗರ ಪ್ರಸಾದನಿಲಯದ ಲೆಕ್ಕ ಅವರ ಕೈಯಲ್ಲಿತ್ತು. ಒಂದು ದಿನ ಆಕಸ್ಮಿಕವಾಗಿ ಆ ಪುಸ್ತಕವನ್ನು ನೋಡಿದಾಗ, ಬೇಳೆಯ ಲೆಕ್ಕದಲ್ಲಿ ತರದೇ ಇದ್ದುದನ್ನು ತಂದಂತೆ ಬರೆದಿರುವುದು ನನ್ನ ಕಣ್ಣಿಗೆ ಬಿತ್ತು. ಬಹಳ ಸಣ್ಣ ಮೊತ್ತ. ಅವರ ಮನೆಯಲ್ಲಿ ಕಾಯಿಲೆಯಿತ್ತು, ಕಷ್ಟವಿತ್ತು. ನಾನು ಪುಸ್ತಕವನ್ನು ಮುಚ್ಚಿಟ್ಟು ಸುಮ್ಮನಾದೆ. ಸ್ನೇಹಿತನ ಗುಟ್ಟನ್ನು ಕಾಪಾಡಿದೆನೆಂದು ಮನಸ್ಸಿನಲ್ಲಿ ಹೆಮ್ಮೆಯನ್ನೂ ಪಟ್ಟುಕೊಂಡೆ. ಒಂದು ವರ್ಷ ಕಳೆಯಿತು. ಸಣ್ಣದು ದೊಡ್ಡದಾಯಿತು, ಒಂದು ದಿನ ಎಲ್ಲವೂ ಬಯಲಾಯಿತು. ಕೆಲಸವನ್ನು ಕಳೆದುಕೊಂಡು, ಪೆಟ್ಟಿಗೆಯನ್ನು ಕಟ್ಟುತ್ತಿದ್ದಾಗ ಅವರು ನನ್ನನ್ನು ಕೇಳಿದ ಮಾತು ಒಂದೇ: “ನೀನು ಆ ದಿನ ಪುಸ್ತಕ ನೋಡಿದ್ದು ನನಗೆ ಗೊತ್ತಿತ್ತು. ಆಗಲೇ ಏಕೆ ಹೇಳಲಿಲ್ಲಪ್ಪಾ? ನೀನು ಹೇಳುತ್ತೀಯೆಂದು ನಾನು ಒಂದು ವಾರ ಕಾದಿದ್ದೆ.”

ನನ್ನ ಬಳಿ ಉತ್ತರವಿರಲಿಲ್ಲ, ಇಂದಿಗೂ ಇಲ್ಲ. ಅವರ ಗೌರವವನ್ನು ಕಾಪಾಡಲು ನಾನು ಸುಮ್ಮನಿದ್ದೆನೆಂದು ತಿಳಿದಿದ್ದೆ. ವಿಚಾರಿಸಿ ನೋಡಿದರೆ ನಾನು ಕಾಪಾಡಿಕೊಂಡದ್ದು ನನ್ನ ಸುಖವನ್ನು, ಅವರ ಮುಖ ಬಾಡುವುದನ್ನು ನೋಡಬೇಕಾಗಿ ಬಾರದ ಸುಖವನ್ನು. ಲಕ್ಕಮ್ಮನವರು ಮುಷ್ಟಿ ಅಕ್ಕಿಯಲ್ಲಿ ಕಂಡುದನ್ನು ಕಂಡವನು ನಾನೂ ಹೌದು, ಹೇಳಿದವನಲ್ಲ. ಆ ಹುಡುಗರ ಅನ್ನದಲ್ಲಿ ಕಡಮೆಯಾದ ಬೇಳೆಯಲ್ಲಿ ನನ್ನ ಪಾಲೂ ಇದೆ.

ಇಲ್ಲಿ ಒಂದು ಆಕ್ಷೇಪವನ್ನು ಎತ್ತಬಹುದು: “ಸ್ನೇಹಿತನು ತಪ್ಪಿದರೂ ಅವನ ಪಕ್ಷವನ್ನು ಬಿಡದಿರುವುದೇ ಸ್ನೇಹವಲ್ಲವೇ? ಕರ್ಣನನ್ನು ನೋಡಿರಿ.” ಕರ್ಣನ ನಿಷ್ಠೆಗೆ ತಲೆಬಾಗದ ಕನ್ನಡಿಗನಿಲ್ಲ. ಕ್ರಿ.ಶ. 941ರಲ್ಲಿ ವಿಕ್ರಮಾರ್ಜುನ ವಿಜಯವನ್ನು ರಚಿಸಿದ ಪಂಪನು ಅರ್ಜುನನನ್ನು ನಾಯಕನನ್ನಾಗಿ ಮಾಡಿಕೊಂಡಿದ್ದರೂ ಕರ್ಣನ ಬಳಿಗೆ ಬಂದಾಗ ಅವನ ಲೇಖನಿಯು ಕರಗುವುದು. ಜನ್ಮರಹಸ್ಯವನ್ನು ತಿಳಿದೂ, ರಾಜ್ಯವೇ ಕೈಗೆ ಬರುವಂತಿದ್ದರೂ, ದುರ್ಯೋಧನನನ್ನು ಬಿಡದ ಆ ಮಹಾತ್ಮನು ಪೂಜ್ಯನೇ ಸರಿ. ಆದರೂ ಒಂದು ಪ್ರಶ್ನೆ ಉಳಿಯುವುದು. ವ್ಯಾಸಭಾರತದ ಸಭಾಪರ್ವದಲ್ಲಿ ದ್ರೌಪದಿಯನ್ನು ಸಭೆಗೆ ಎಳೆದು ತಂದಾಗ, ಇದು ಅಧರ್ಮವೆಂದು ನುಡಿದವನು ದುರ್ಯೋಧನನ ತಮ್ಮನಾದ ವಿಕರ್ಣ. ಅವನ ಬಾಯನ್ನು ಮುಚ್ಚಿಸಿದವನು ಕರ್ಣ. ದುರ್ಯೋಧನನಿಗೆ ಆ ದಿನ ನಿಜವಾದ ಹಿತವನ್ನು ಬಯಸಿದವನು ಇವರಿಬ್ಬರಲ್ಲಿ ಯಾರು? ಸ್ನೇಹಿತನಿಗಾಗಿ ಪ್ರಾಣವನ್ನೇ ಕೊಟ್ಟ ಕರ್ಣನು, ಸ್ನೇಹಿತನಿಗೆ ಆ ಒಂದು ಮಾತನ್ನು ಕೊಡಲಾರದೆ ಹೋದನು.

ಇದಕ್ಕೆ ಕಾರಣವನ್ನು ಹುಡುಕಿದರೆ ಆ ಸ್ನೇಹದ ಹುಟ್ಟಿನಲ್ಲಿಯೇ ಅದು ದೊರೆಯುವುದು. ತುಂಬಿದ ಸಭೆಯಲ್ಲಿ ಕುಲವನ್ನು ಕೇಳಿ ಅವಮಾನಿಸುತ್ತಿದ್ದಾಗ ಅಂಗರಾಜ್ಯವನ್ನು ಕೊಟ್ಟು ಮಾನವನ್ನು ಉಳಿಸಿದವನು ದುರ್ಯೋಧನ. ಕೊಡುಗೆಯಿಂದ ಹುಟ್ಟಿದ ಆ ಸಂಬಂಧವು ಋಣವಾಗಿಯೇ ಬೆಳೆಯಿತು. ಋಣಿಯಾದವನು ಧಣಿಗೆ ಎದುರಾಡಲಾರ. ಉಪ್ಪಿನ ಋಣವು ಬಾಯನ್ನು ಕಟ್ಟುವುದು. ಕರ್ಣನು ಋಣವನ್ನು ಪೂರ್ಣವಾಗಿ ತೀರಿಸಿದನು, ಗೆಳೆಯನನ್ನು ಉಳಿಸಲಿಲ್ಲ. ಶರಣರು ದಾನವೆಂಬುದನ್ನು ಬಿಟ್ಟು ದಾಸೋಹವೆಂಬುದನ್ನು ಹಿಡಿದುದರ ಮರ್ಮವು ಇಲ್ಲಿ ತಿಳಿಯುವುದು. ದಾನದಲ್ಲಿ ಕೊಡುವವನು ಮೇಲೆ, ಕೊಳ್ಳುವವನು ಕೆಳಗೆ. ದಾಸೋಹದಲ್ಲಿ ಕೊಡುವವನೇ ದಾಸನು. ಕೊಂಡವನ ಬಾಯಿಗೆ ಬೀಗ ಬೀಳುವುದಿಲ್ಲ. ಬಸವಣ್ಣನವರ ಮಹಾಮನೆಯಲ್ಲಿ ಪ್ರಸಾದವನ್ನು ಸ್ವೀಕರಿಸಿದವರೇ ಬಸವಣ್ಣನವರನ್ನು ತಿದ್ದಲು ಸಾಧ್ಯವಾದುದು ಇದರಿಂದಲೇ. ಸ್ನೇಹಿತನಿಗೆ ಸಾಲ ಕೊಟ್ಟವರೂ ನೌಕರಿ ಕೊಡಿಸಿದವರೂ ಈ ಅಂಶವನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳತಕ್ಕದ್ದು. ಕೊಟ್ಟದ್ದನ್ನು ನಾವು ಮರೆಯದಿದ್ದರೆ, ನಮಗೆ ಸತ್ಯವನ್ನು ಹೇಳುವ ಒಬ್ಬನನ್ನು ಕಳೆದುಕೊಂಡೆವೆಂದು ತಿಳಿಯಬೇಕು.

ಸನ್ಮೈತ್ರಿಯ ಮೂರನೆಯ ಲಕ್ಷಣವು ತಪ್ಪನ್ನು ಒಪ್ಪಿಕೊಂಡು ಮರಳಿ ಕೂಡುವುದು. ಬಸವಪುರಾಣದಲ್ಲಿ ಇದಕ್ಕೆ ರಮ್ಯವಾದ ಒಂದು ಕಥೆಯುಂಟು. ಪಾಲ್ಕುರಿಕೆ ಸೋಮನಾಥನು ತೆಲುಗಿನಲ್ಲಿ ಹಾಡಿದ ಆ ಪುರಾಣವನ್ನು ಭೀಮಕವಿಯು ಕ್ರಿ.ಶ. 1369ರಲ್ಲಿ ಕನ್ನಡಕ್ಕೆ ತಂದನು. ಕಿನ್ನರಿ ಬ್ರಹ್ಮಯ್ಯನವರು ಅರ್ಪಿತಕ್ಕಾಗಿ ಉಳ್ಳಿಗಡ್ಡೆಯನ್ನು ಸಿದ್ಧಪಡಿಸುತ್ತಿದ್ದಾಗ ಬಸವಣ್ಣನವರು ಅದನ್ನು ಹಳಿದು ಒಂದು ಮಾತನ್ನಾಡಿದರು. ಬ್ರಹ್ಮಯ್ಯನವರು ನೊಂದು ಊರನ್ನೇ ಬಿಟ್ಟು ಹೊರಟರು. ಬಸವಣ್ಣನವರು ದಂಡನಾಯಕರು, ಒಬ್ಬ ಶರಣನು ಮುನಿದುಹೋದನೆಂದು ಸುಮ್ಮನಿರಬಹುದಾಗಿತ್ತು. ಅವರು ಹಾಗೆ ಮಾಡದೆ ಉಳ್ಳಿಯನ್ನು ರಾಶಿರಾಶಿಯಾಗಿ ತರಿಸಿ, ಅದರ ಹಬ್ಬವನ್ನೇ ಮಾಡಿಸಿ, ಉತ್ಸವದೊಡನೆ ಹೋಗಿ ಬ್ರಹ್ಮಯ್ಯನವರನ್ನು ಒಲಿಸಿ ಕರೆತಂದರು. ಯಾವ ವಸ್ತುವಿನ ನೆಪದಲ್ಲಿ ಸ್ನೇಹಿತನನ್ನು ನೋಯಿಸಿದರೋ ಅದೇ ವಸ್ತುವನ್ನು ತಲೆಯ ಮೇಲೆ ಹೊತ್ತರು. ಪುರಾಣವೆಂದು ನಗುವವರು ನಗಲಿ. ಮಾತು ಬಿಟ್ಟ ಸ್ನೇಹಿತನ ಬಾಗಿಲಿಗೆ ಒಂದು ಸಲ ಬರಿಗೈಯಲ್ಲಿಯಾದರೂ ನಡೆದುಹೋಗಿ ನೋಡಿದವರಿಗೆ ಈ ಕಥೆಯ ತೂಕವು ತಿಳಿಯುವುದು.

ಇನ್ನು ಹಿರಿಯರು ಎತ್ತಿದ ಆಕ್ಷೇಪಕ್ಕೆ ಬರೋಣ. ಲಿಂಗವಿಲ್ಲದವರ ಸಂಗವು ಶರಣಸಂಗವಾಗುವುದು ಹೇಗೆ? ಭವಿಸಂಗವನ್ನು ಶರಣರು ನಿಷೇಧಿಸಿರುವುದು ನಿಜ. ಆದರೆ ಭವಿ ಯಾರು? ಭವದಲ್ಲಿ, ಎಂದರೆ ಆಸೆ ರೋಷ ಕಪಟಗಳಲ್ಲಿ, ಸಿಲುಕಿದವನು ಭವಿ. ಶರಣರು ಜಾತಿಯಿಂದ ಭಕ್ತನನ್ನು ಗುರುತಿಸಲಿಲ್ಲ. ಹಾಗಿರುವಾಗ ಭವಿಯನ್ನು ಮಾತ್ರ ಜಾತಿಯಿಂದ ಗುರುತಿಸುವುದು ನ್ಯಾಯವೇ? ಕಲ್ಯಾಣಕ್ಕೆ ಬಂದವರನ್ನು ಎಣಿಸಿರಿ. ಮೋಳಿಗೆಯ ಮಾರಯ್ಯನವರು ಕಾಶ್ಮೀರದಿಂದ ಬಂದವರೆಂದೂ ಮರುಳಶಂಕರದೇವರು ಅಫಘಾನ ದೇಶದ ಕಡೆಯಿಂದ ಬಂದವರೆಂದೂ ಪರಂಪರೆಯಿದೆ. ಮರುಳಶಂಕರದೇವರು ಹನ್ನೆರಡು ವರ್ಷ ಯಾರ ಗಮನಕ್ಕೂ ಬಾರದೆ ಪ್ರಸಾದಕುಂಡದ ಬಳಿಯಲ್ಲಿದ್ದರಂತೆ. ಪ್ರಭುದೇವರು ಬಂದು ಗುರುತಿಸುವವರೆಗೆ ಶರಣರೇ ಆ ಶರಣನನ್ನು ಗುರುತಿಸಲಿಲ್ಲ. ನಮ್ಮ ನೆರೆಯಲ್ಲಿರುವ ಶರಣರನ್ನು ನಾವು ಗುರುತಿಸದೆ ಇರಬಹುದೆಂಬುದಕ್ಕೆ ಇದಕ್ಕಿಂತ ಹೆಚ್ಚಿನ ಎಚ್ಚರಿಕೆ ಬೇಕೇ?

ಬೆನ್ಸನ್ ಟೌನಿನಲ್ಲಿ ನಿಂತು ಸುತ್ತಲೂ ನೋಡಿದರೆ ಈ ಪ್ರಶ್ನೆಯು ಪುಸ್ತಕದ ಪ್ರಶ್ನೆಯಾಗಿ ಉಳಿಯುವುದಿಲ್ಲ. ಕ್ರಿ.ಶ. 1809ರಲ್ಲಿ ಇಂಗ್ಲಿಷರ ಸೈನ್ಯವು ಶ್ರೀರಂಗಪಟ್ಟಣದಿಂದ ಬಂದು ಬೀಡುಬಿಟ್ಟಂದಿನಿಂದ ಆ ದಂಡಿಗೆ ನಾನಾ ಭಾಷೆಗಳ, ನಾನಾ ಮತಗಳ ಜನರು ಬಂದು ನೆಲಸಿದರು. 1864ರಲ್ಲಿ ಜೋಲಾರಪೇಟೆಯಿಂದ ರೈಲು ಬಂತು. 1898ರ ಪ್ಲೇಗ್ ಮಾರಿಯು ಇಕ್ಕಟ್ಟಾದ ಕೇರಿಗಳನ್ನು ಹಾಳುಗೆಡವಿದ ಮೇಲೆ ದಂಡಿನ ಹೊರವಲಯದಲ್ಲಿ ಅಗಲವಾದ ಬೀದಿಗಳ ಬಡಾವಣೆಗಳು ಬೆಳೆದುವು. ಮಿಲ್ಲರ್ಸ್ ರಸ್ತೆಯೊಂದರಲ್ಲಿಯೇ ನಡೆದುಹೋದರೆ ಕ್ರೈಸ್ತರ ಆರ್ಚ್‌ಬಿಷಪ್ಪರ ನಿವಾಸವೂ, 1910ರಲ್ಲಿ ಸ್ಥಾಪಿತವಾದ ದೈವಶಾಸ್ತ್ರದ ಯುನೈಟೆಡ್ ಥಿಯಲಾಜಿಕಲ್ ಕಾಲೇಜೂ, ಮುಸಲ್ಮಾನರ ಖುದ್ದೂಸ್ ಸಾಹೇಬರ ಈದ್ಗಾ ಮೈದಾನವೂ ಸಿಕ್ಕುವುವು. ಪೇಟೆಯ ಪೌರಸಭೆ ಬೇರೆ, ದಂಡಿನ ಪೌರಸಭೆ ಬೇರೆ ಎಂದಿದ್ದುದು 1949ರಲ್ಲಿ ಒಂದಾಯಿತು. ನಗರಗಳು ಕಾನೂನಿನಿಂದ ಕೂಡುವುವು. ನೆರೆಹೊರೆಗಳು ಹಾಗೆ ಕೂಡುವುದಿಲ್ಲ, ಒಂದೊಂದು ಮನೆಯೇ ಮನಸ್ಸುಮಾಡಬೇಕು. ಪೂರ್ವಕ್ಕೆ ಸ್ವಲ್ಪ ದೂರದಲ್ಲಿ, ಕೃಷ್ಣರಾಜಪುರದ ಆಚೆ, ಎಲೆ ಮಲ್ಲಪ್ಪ ಶೆಟ್ಟರ ಕೆರೆಯಿದೆ. ವೀಳೆಯದೆಲೆಯ ವ್ಯಾಪಾರದಿಂದ ಗಳಿಸಿದ ಹಣವನ್ನು ನೀರಿಗಾಗಿ ವೆಚ್ಚಮಾಡಿದ 19ನೆಯ ಶತಮಾನದ ಆ ವೀರಶೈವ ವರ್ತಕರು, ಇಂಥವರೇ ಕುಡಿಯಬೇಕೆಂದು ನೀರಿಗೆ ಗುರುತು ಹಾಕಲಿಲ್ಲ. ಮೈತ್ರಿಯೂ ಅಂಥ ನೀರೇ.

ಹಾಗೆಂದು ಎಲ್ಲವನ್ನೂ ಬಿಟ್ಟು ಎಲ್ಲರೊಡನೆ ಬೆರೆಯಬೇಕೆಂದು ನಾನು ಹೇಳುತ್ತಿಲ್ಲ. ಆ ಗೃಹಸ್ಥರನ್ನು ಗೋಷ್ಠಿಯಾದ ಮೇಲೆ ನಾನು ಕೇಳಿದೆ: “ಅವರ ಮನೆಯಲ್ಲಿ ನಿಮ್ಮ ಆಚಾರಕ್ಕೆ ಅಡ್ಡಿಯಾಗಿಲ್ಲವೇ?” ಅವರು ಹೇಳಿದುದನ್ನು ಕೇಳಿರಿ. ಕ್ರಿಸ್ಮಸ್ಸಿನ ದಿನ ಆ ಮಹನೀಯರು ಇವರಿಗಾಗಿ ಹಣ್ಣನ್ನೂ ಹಾಲನ್ನೂ ಬೇರೆಯಾಗಿ ತರಿಸಿ ಇಟ್ಟಿರುತ್ತಾರೆ. ಯುಗಾದಿಯ ಬೇವುಬೆಲ್ಲವನ್ನು ಇವರ ಮನೆಯಿಂದ ಕೈಯೊಡ್ಡಿ ಪಡೆಯುತ್ತಾರೆ. ಇವರ ಲಿಂಗಪೂಜೆಯ ವೇಳೆಯಲ್ಲಿ ಅವರ ಮೊಮ್ಮಕ್ಕಳು ಜಗಲಿಯಲ್ಲಿ ಗದ್ದಲ ಮಾಡಿದರೆ, “ತಾತ ಪೂಜೆಗೆ ಕುಳಿತಿದ್ದಾರೆ” ಎಂದು ಗದರಿಸುವವರೂ ಅವರೇ. ಸ್ವಮತದವರೆನಿಸಿದ ಮೊದಲನೆಯ ಸ್ನೇಹಿತರಾದರೋ, “ಒಂದು ದಿನ ಪೂಜೆ ತಡವಾದರೆ ಏನಂತೆ, ಬನ್ನಿ ಹೋಗೋಣ” ಎಂದು ಎಷ್ಟೋ ಸಲ ಎಬ್ಬಿಸಿಕೊಂಡು ಹೋದವರು. ಯಾರ ಸಂಗದಲ್ಲಿ ನಮ್ಮ ನಿಷ್ಠೆಯು ಬೆಳೆಯುವುದೋ ಅವನು ಸಖನು. ಯಾರ ಸಂಗದಲ್ಲಿ ಅದು ಸವೆಯುವುದೋ ಅವನು, ಹಣೆಯಲ್ಲಿ ವಿಭೂತಿಯಿದ್ದರೂ, ಸಖನಲ್ಲ. ತನ್ನ ನಿಷ್ಠೆಯಲ್ಲಿ ನಿಂತು ನನ್ನ ನಿಷ್ಠೆಯನ್ನು ಕಾಯುವವನಿಗಿಂತ ಉತ್ತಮನಾದ ನೆರೆಯವನನ್ನು ಶರಣನು ಬಯಸಬೇಕಾಗಿಲ್ಲ.

ಸಹಧರ್ಮಿಗಳ ಮೈತ್ರಿಯ ಮಹಿಮೆಯೇನೂ ಇದರಿಂದ ಕಡಮೆಯಾಗುವುದಿಲ್ಲ. ಹರ್ಡೇಕರ ಮಂಜಪ್ಪನವರೂ ಶ್ರೀ ಮೃತ್ಯುಂಜಯಸ್ವಾಮಿಗಳವರೂ ದಾವಣಗೆರೆಯಲ್ಲಿ ಕೂಡಿ 1913ರಲ್ಲಿ ಬಸವಜಯಂತಿಯ ಉತ್ಸವವನ್ನು ಆರಂಭಿಸಿದರು. ಒಬ್ಬರು ಪತ್ರಿಕೆಯನ್ನು ನಡೆಸುತ್ತಿದ್ದ ಬಡ ಬ್ರಹ್ಮಚಾರಿಗಳು, ಮತ್ತೊಬ್ಬರು ವಿರಕ್ತಪೀಠದವರು. ಇಂದು ನಾಡಿನಾದ್ಯಂತ ನಡೆಯುವ ಬಸವಜಯಂತಿಯ ಹಿಂದೆ ಎರಡು ಮನಸ್ಸುಗಳ ಕೂಡುವಿಕೆಯಿದೆ. ಒಂದೇ ಗುರಿಯತ್ತ ಜೊತೆಯಾಗಿ ನಡೆದವರ ಸ್ನೇಹವು ಅವರಿಬ್ಬರಲ್ಲಿಯೇ ಮುಗಿಯದೆ ಲೋಕಕ್ಕೆ ಫಲ ಕೊಡುವುದು. ಅಂಥ ಸ್ನೇಹವು ನಮ್ಮ ಸಮಾಜದೊಳಗೆ ಹೆಚ್ಚಬೇಕಾದರೆ ನಾವು ಒಬ್ಬರಿಗೊಬ್ಬರು ಮುಖಸ್ತುತಿಯನ್ನು ಕಡಮೆಮಾಡಿ ಹಿತವಚನವನ್ನು ಹೆಚ್ಚಿಸಬೇಕು.

ಆ ಹಿತವಚನಕ್ಕೂ ಒಂದು ಮರ್ಯಾದೆಯುಂಟು. ಸಭೆಯಲ್ಲಿ ಹೇಳಿದರೆ ಅದು ನಿಂದೆಯಾಗುವುದು, ಏಕಾಂತದಲ್ಲಿ ಹೇಳಬೇಕು. ಬೇರೆಯವರ ಮುಂದೆ ಹೇಳಿದರೆ ಚಾಡಿಯಾಗುವುದು. ಅವನ ಮುಂದೆಯೇ ಹೇಳಬೇಕು. ತಡಮಾಡಿ ಹೇಳಿದರೆ ಮೂದಲಿಕೆಯಾಗುವುದು, ಕಂಡಂದೇ ಹೇಳಬೇಕು. ಹೇಳಿ ಹೊರಟುಹೋದರೆ ತೀರ್ಪಾಗುವುದು. ಹೇಳಿದ ಮೇಲೆ ಅವನ ಪಕ್ಕದಲ್ಲಿ ಕುಳಿತುಕೊಳ್ಳಬೇಕು. ಬೆನ್ಸನ್ ಟೌನಿನ ಆ ನೆರೆಯವರು ಈ ನಾಲ್ಕನ್ನೂ ನಡೆಯಿಸಿದರು. ಅವರಿಗೆ ವಚನಶಾಸ್ತ್ರದ ಪರಿಚಯವಿರಲಿಕ್ಕಿಲ್ಲ. ವಚನದ ನಡೆಯಂತೂ ಇತ್ತು.

ಈಗ ಗೃಹಸ್ಥರ ಪ್ರಶ್ನೆಗೆ ನನ್ನ ಉತ್ತರವನ್ನು ಶ್ರೀಗಳವರ ಪಾದಸನ್ನಿಧಿಯಲ್ಲಿಟ್ಟು ಮುಗಿಸುತ್ತೇನೆ. ಶರಣಸಂಗವು ನಿಮಗೆ ನಿಮ್ಮ ನೆರೆಮನೆಯಲ್ಲಿಯೇ ದೊರೆಯಿತು. ಅದಕ್ಕಾಗಿ ಶಿವನನ್ನು ಸ್ತುತಿಸಿರಿ. ಆದರೆ ಕರ್ತವ್ಯವು ಅಲ್ಲಿಗೆ ಮುಗಿಯಲಿಲ್ಲ. ಕಷ್ಟಕಾಲದಲ್ಲಿ ನಿಮ್ಮ ಬೀದಿಗೆ ಬಾರದೆ ಹೋದ ಆ ಮೊದಲನೆಯ ಸ್ನೇಹಿತರಿಗೆ ಇದುವರೆಗೆ ಯಾರೂ ಸತ್ಯವನ್ನು ಹೇಳಿರಲಾರರು. ನಲವತ್ತು ವರ್ಷ ಅವರ ಮುಖಸ್ತುತಿಯನ್ನು ಸಂತೋಷದಿಂದ ಕೇಳಿದ ನೀವೂ ಹೇಳಲಿಲ್ಲ. ಬಹುಶಃ ಅವರು ನಾಚಿಕೆಯಿಂದ ದೂರ ನಿಂತಿರಬಹುದು. ನನ್ನ ಗೆಳೆಯರಂತೆ, ಯಾರಾದರೂ ಬಂದು ಮಾತನಾಡುವರೆಂದು ಕಾಯುತ್ತಿರಲೂಬಹುದು. ಅವರ ಮನೆಗೆ ನೀವೇ ಹೋಗಿರಿ. ಅವರನ್ನು ಬಿಡುವುದು ಸುಲಭ. ತಿದ್ದಿ ಕೂಡಿಕೊಳ್ಳುವುದು ಬಸವಣ್ಣನವರ ದಾರಿ.

ನಾನೂ ಈ ಲೇಖನವನ್ನು ಮುಗಿಸಿದ ಮೇಲೆ ಒಂದು ಕಾಗದವನ್ನು ಬರೆಯಬೇಕಾಗಿದೆ. ಪೆಟ್ಟಿಗೆ ಕಟ್ಟಿಕೊಂಡು ಹೋದ ನನ್ನ ಸ್ನೇಹಿತರು ಈಗ ಇರುವ ಊರಿನ ವಿಳಾಸವು ನನ್ನ ಬಳಿ ಬಹುಕಾಲದಿಂದ ಇದೆ. ಹೇಳಬೇಕಾದಂದು ಹೇಳದೆ ಹೋದ ಮಾತಿಗೆ ಕ್ಷಮೆ ಕೇಳಲು ಕಾಲವು ಮೀರಿಲ್ಲವೆಂದು ನಂಬಿದ್ದೇನೆ.

ಸರ್ವರ ಮನಸ್ಸುಗಳನ್ನೂ ಕೂಡಿಸುವ ಆ ಪರಶಿವನು ನಮಗೆಲ್ಲರಿಗೂ ಸತ್ಯವನ್ನು ನುಡಿಯುವ ಸಖರನ್ನೂ, ಅದನ್ನು ಕೇಳುವ ಕಿವಿಯನ್ನೂ ಕರುಣಿಸಲಿ.

ಶರಣು ಶರಣಾರ್ಥಿ.